ಅಧ್ಯಕ್ಷರ ಧರ್ಮಪತ್ನಿ: ಕಲಬುರಗಿ ಪ್ರದೇಶದ ದಾಖಲೆಗಳಲ್ಲಿ ಒಂದು ಸಾರ್ವಜನಿಕ ಪಾತ್ರ

ಕನ್ನಡದ ಅಭಿನಂದನ ಗ್ರಂಥಗಳಲ್ಲಿ ಒಂದು ರೂಢಿ ಬೆಳೆದು ಬಂದಿದೆ. ಪಕ್ಷದ, ಸಂಘದ, ಬ್ಯಾಂಕಿನ ಅಥವಾ ಪಂಚಾಯಿತಿಯ ಅಧ್ಯಕ್ಷರಾಗಿದ್ದ ಹಿರಿಯರೊಬ್ಬರ ಸಾಧನೆಯನ್ನು ನಾಲ್ಕುನೂರು ಪುಟಗಳಲ್ಲಿ ವಿವರಿಸಿ, ಕೊನೆಯ ಭಾಗದಲ್ಲಿ ಅವರ ಧರ್ಮಪತ್ನಿಗೆ ಒಂದು ಪ್ಯಾರಾ ಮೀಸಲಿಡಲಾಗುತ್ತದೆ. ಆ ಪ್ಯಾರಾದಲ್ಲಿ ತ್ಯಾಗ, ಸಹನೆ, ಅತಿಥಿಸತ್ಕಾರ ಎಂಬ ಮೂರು ಶಬ್ದಗಳು ತಪ್ಪದೆ ಬರುತ್ತವೆ. ಛಾಯಾಚಿತ್ರಗಳ ವಿಭಾಗದಲ್ಲಿ ಆಕೆ ಪತಿಯ ಎಡಭಾಗದಲ್ಲಿ ಹಾರ ಧರಿಸಿ ನಿಂತಿರುತ್ತಾಳೆ. ಅಧ್ಯಕ್ಷರ ಮನೆಗೆ ಬಂದ ಅರ್ಜಿದಾರರಲ್ಲಿ ಯಾರನ್ನು ಮೊದಲು ಒಳಗೆ ಬಿಡಬೇಕು, ಯಾವ ಊರಿನ ಜಗಳ ಯಾವ ಹೊತ್ತಿನಲ್ಲಿ ಅವರ ಕಿವಿಗೆ ಬೀಳಬೇಕು ಎಂಬುದನ್ನು ಆಕೆ ನಿರ್ಧರಿಸಿರಬಹುದೆಂಬ ಊಹೆಗೂ ಈ ಬರವಣಿಗೆಯಲ್ಲಿ ಅವಕಾಶವಿಲ್ಲ. ಅಧಿಕಾರವನ್ನು ಹುದ್ದೆಯೊಂದಿಗೆ ಮಾತ್ರ ಗುರುತಿಸುವ ಚರಿತ್ರಲೇಖನದಲ್ಲಿ ಪ್ರಭಾವ ಎಂಬುದು ದಾಖಲೆಯಾಗದೆ ಉಳಿಯುತ್ತದೆ. ಆಕೆ ದಾಖಲೆಗೆ ಬರುವುದು ಬಹುಮಟ್ಟಿಗೆ ಪತಿ ತೀರಿಕೊಂಡ ಮೇಲೆ.

ದೇಶದ ಅತ್ಯುನ್ನತ ಅಧ್ಯಕ್ಷಪದವಿಯ ವಿಷಯದಲ್ಲಿಯೂ ಸ್ಥಿತಿ ಭಿನ್ನವಾಗಿಲ್ಲ. ಭಾರತದ ಸಂವಿಧಾನದಲ್ಲಿ ರಾಷ್ಟ್ರಪತಿಗಳ ಪತ್ನಿಗೆ ಯಾವ ಸ್ಥಾನವೂ ಇಲ್ಲ. ರಾಷ್ಟ್ರಪತಿಗಳ ವೇತನ ಮತ್ತು ನಿವೃತ್ತಿವೇತನಕ್ಕೆ ಸಂಬಂಧಿಸಿದ 1951ರ ಅಧಿನಿಯಮ, ಅದರ ಅನಂತರದ ತಿದ್ದುಪಡಿಗಳೊಂದಿಗೆ, ಆಕೆಯನ್ನು ಗುರುತಿಸುವುದು ಮುಖ್ಯವಾಗಿ ಕುಟುಂಬ ನಿವೃತ್ತಿವೇತನ ಪಡೆಯುವ ಸಂದರ್ಭದಲ್ಲಿ, ಅಂದರೆ ವಿಧವೆಯಾದ ಮೇಲೆ. ಅಮೆರಿಕದಲ್ಲಿ 1978ರ ಕಾನೂನೊಂದು ಅಧ್ಯಕ್ಷರ ಕರ್ತವ್ಯ ನಿರ್ವಹಣೆಗೆ ನೆರವಾಗುವ ಅವರ ಸಂಗಾತಿಗೆ ಸಿಬ್ಬಂದಿಯ ಸಹಾಯ ಒದಗಿಸಲು ಅನುವು ಮಾಡಿಕೊಟ್ಟಿತು. 1993ರಲ್ಲಿ ಅಲ್ಲಿನ ಮೇಲ್ಮನವಿ ನ್ಯಾಯಾಲಯವೊಂದು, ಆರೋಗ್ಯನೀತಿಯ ಕಾರ್ಯಪಡೆಯ ಮುಖ್ಯಸ್ಥೆಯಾಗಿದ್ದ ಹಿಲರಿ ಕ್ಲಿಂಟನ್ ಅವರನ್ನು ಆ ಸಂದರ್ಭದ ಮಟ್ಟಿಗೆ ಸರ್ಕಾರಿ ಅಧಿಕಾರಿಯೆಂದೇ ಪರಿಗಣಿಸಬಹುದೆಂದು ತೀರ್ಪಿತ್ತಿತು. 1919ರಲ್ಲಿ ವುಡ್ರೋ ವಿಲ್ಸನ್ ಪಾರ್ಶ್ವವಾಯುವಿಗೆ ತುತ್ತಾದಾಗ ಅವರ ಮುಂದೆ ಯಾವ ಕಡತ ಇಡಬೇಕು, ಯಾವುದನ್ನು ಇಡಬಾರದು ಎಂಬುದನ್ನು ಪತ್ನಿ ಎಡಿತ್ ತೀರ್ಮಾನಿಸುತ್ತಿದ್ದುದು ಆ ದೇಶದ ಇತಿಹಾಸಕಾರರು ಇಂದಿಗೂ ಚರ್ಚಿಸುವ ವಿಷಯ. ಅಲ್ಲಿ ಕನಿಷ್ಠ ಚರ್ಚೆಗೆ ಬೇಕಾದ ಆಕರಗಳಿವೆ.

ಭಾರತದಲ್ಲಿ 1977ರ ಫೆಬ್ರವರಿ 11ರಂದು ಫಕ್ರುದ್ದೀನ್ ಅಲಿ ಅಹಮದ್ ಅಧಿಕಾರದಲ್ಲಿದ್ದಾಗಲೇ ನಿಧನರಾದರು. ಉಪರಾಷ್ಟ್ರಪತಿಯಾಗಿದ್ದ ಜಮಖಂಡಿ ಸೀಮೆಯ ಬಿ.ಡಿ. ಜತ್ತಿಯವರು ಅದೇ ವರ್ಷದ ಜುಲೈವರೆಗೆ ಹಂಗಾಮಿ ರಾಷ್ಟ್ರಪತಿಗಳಾದರು. ಈ ಒಂದೇ ಘಟನೆಯಲ್ಲಿ ಇಬ್ಬರು ಪತ್ನಿಯರ ಚರಿತ್ರೆ ಎರಡು ದಿಕ್ಕಿಗೆ ಹೊರಳಿದುದನ್ನು ಕಾಣಬಹುದು. ಬೇಗಂ ಆಬಿದಾ ಅಹಮದ್ ಪತಿಯ ಮರಣಾನಂತರ 1981ರ ಉಪಚುನಾವಣೆಯಲ್ಲಿ ಬರೇಲಿಯಿಂದ ಲೋಕಸಭೆಗೆ ಆಯ್ಕೆಯಾಗಿ, 1984ರಲ್ಲಿ ಮತ್ತೆ ಗೆದ್ದರು. ಹಾಗಾಗಿ ಅವರ ಹೆಸರು ಸಂಸತ್ತಿನ ದಾಖಲೆಗಳಲ್ಲಿದೆ. ಬಾಲ್ಯದಲ್ಲಿಯೇ ಜತ್ತಿಯವರ ಕೈಹಿಡಿದ ಸಂಗಮ್ಮನವರು ಜಮಖಂಡಿಯಿಂದ ಬೆಂಗಳೂರಿಗೆ, ಅಲ್ಲಿಂದ ಪಾಂಡಿಚೇರಿ, ಒಡಿಶಾ, ದೆಹಲಿಗಳಿಗೆ ಪತಿಯ ಹುದ್ದೆಗಳ ಹಾದಿಯಲ್ಲಿ ಸಾಗಿದವರು. ಕನ್ನಡ ನಾಡಿನಿಂದ ರಾಷ್ಟ್ರಪತಿ ಭವನದವರೆಗೆ ನಡೆದ ಈ ಗೃಹಿಣಿಯ ಬಗ್ಗೆ ಕನ್ನಡದ ಸಂಶೋಧನೆ ಆಸಕ್ತಿ ತಳೆಯದಿರುವುದು ಸಣ್ಣ ಲೋಪವೇನಲ್ಲ.

ಕಲಬುರಗಿ ಪ್ರದೇಶದ ಹಳೆಯ ದಾಖಲೆಗಳಿಗೆ ಬಂದರೆ ಚಿತ್ರ ಬೇರೆಯಾಗುತ್ತದೆ. ಇಂದಿನ ಸೇಡಂ ತಾಲ್ಲೂಕಿನ ಮಳಖೇಡ ರಾಷ್ಟ್ರಕೂಟರ ರಾಜಧಾನಿ ಮಾನ್ಯಖೇಟವಾಗಿತ್ತು. ಅಲ್ಲಿಂದ ಆಳುತ್ತಿದ್ದ ಇಮ್ಮಡಿ ಕೃಷ್ಣನ ಕಾಲದಲ್ಲಿ, ಹತ್ತನೆಯ ಶತಮಾನದ ಆರಂಭದಲ್ಲಿ, ಬನವಾಸಿ ನಾಡಿನ ನಾಗರಖಂಡದ ನಾಳ್ಗಾವುಂಡನಾಗಿದ್ದ ಸತ್ತರಸ ನಾಗಾರ್ಜುನ ಮಡಿದಾಗ ಆ ಪದವಿಯನ್ನು ಅವನ ಪತ್ನಿ ಜಕ್ಕಿಯಬ್ಬೆಗೆ ವಹಿಸಿಕೊಡಲಾಯಿತು. ಆಕೆ ಹೆಣ್ಣಾಗಿಯೂ ಸಮರ್ಥಳಾಗಿ ಆಳಿದಳೆಂದು ಶಾಸನ ಹೊಗಳುತ್ತದೆ. ಆ ಹೊಗಳಿಕೆಯೊಳಗಿನ ‘ಹೆಣ್ಣಾಗಿಯೂ’ ಎಂಬ ಭಾವ ಇಂದಿನ ಪತ್ರಿಕಾ ವರದಿಗಳಲ್ಲಿಯೂ ಜೀವಂತವಾಗಿದೆ. ಆದರೆ ಶಾಸನಕವಿ ಆಕೆಯನ್ನು ಕೇವಲ ಮೃತನ ಪತ್ನಿಯೆಂದು ಬಿಡದೆ ಆಡಳಿತದ ಕರ್ತೃವಾಗಿಯೇ ನಿಲ್ಲಿಸಿದ್ದಾನೆ.

ಕಲ್ಯಾಣದ ಚಾಲುಕ್ಯರಲ್ಲಿ ಇನ್ನೂ ಒಂದು ಹೆಜ್ಜೆ ಮುಂದಿನ ನಿದರ್ಶನಗಳಿವೆ. ಆರನೆಯ ವಿಕ್ರಮಾದಿತ್ಯನ ಪಿರಿಯರಸಿ ಲಕ್ಷ್ಮಾದೇವಿಯೂ ಇತರ ಕೆಲವು ರಾಣಿಯರೂ ಪತಿ ಸಿಂಹಾಸನದಲ್ಲಿರುವಾಗಲೇ ಅಗ್ರಹಾರಗಳ, ಊರುಗಳ ಆಡಳಿತ ನಡೆಸುತ್ತಿದ್ದುದನ್ನು ಶಾಸನಗಳು ಹೇಳುತ್ತವೆ. ಇಲ್ಲಿ ಮುಖ್ಯವಾದುದು ಕ್ರಿಯಾಪದ. ಅರಸನಿಗೆ ಬಳಸುವ ‘ಆಳು’ ಎಂಬ ಧಾತುವನ್ನೇ ಅರಸಿಗೂ ಬಳಸಲಾಗಿದೆ. ಅಭಿನಂದನ ಗ್ರಂಥಗಳ ಗದ್ಯದಲ್ಲಿ ಪತ್ನಿಗೆ ಸಲ್ಲುವ ಕ್ರಿಯಾಪದಗಳು ‘ನೆರವಾದರು’, ‘ಸಹಕರಿಸಿದರು’, ‘ಬೆನ್ನೆಲುಬಾದರು’ ಎಂಬಷ್ಟೇ. ರಾಜಮನೆತನದ ಸ್ತ್ರೀಯರಿಗೆ ದೊರೆತ ಈ ಅವಕಾಶ ಸಾಮಾನ್ಯ ಸ್ತ್ರೀಯರ ಸ್ಥಿತಿಗೆ ಸಾಕ್ಷಿಯಲ್ಲ, ನಿಜ. ಆದರೂ ಪತ್ನಿಯ ಆಡಳಿತವನ್ನು ಹೇಳಲು ಕನ್ನಡಕ್ಕೆ ಆಗ ಇದ್ದ ಶಬ್ದ ಅನಂತರ ಬಳಕೆ ತಪ್ಪಿದ್ದು ಏಕೆ ಎಂಬ ಪ್ರಶ್ನೆ ಉಳಿಯುತ್ತದೆ.

ಕಲ್ಯಾಣದ ಶರಣೆಯರ ವಚನಗಳು ಈ ಪ್ರಶ್ನೆಗೆ ಇನ್ನೊಂದು ಬದಿಯಿಂದ ಬೆಳಕು ಚೆಲ್ಲುತ್ತವೆ. ಹಸ್ತಪ್ರತಿಗಳಲ್ಲಿ ಹಲವು ವಚನಕಾರ್ತಿಯರು ‘ಇಂಥವರ ಪುಣ್ಯಸ್ತ್ರೀ’ ಎಂದೇ ನಿರ್ದಿಷ್ಟರಾಗಿದ್ದಾರೆ. ಉರಿಲಿಂಗಪೆದ್ದಿಗಳ ಪುಣ್ಯಸ್ತ್ರೀ ಕಾಳವ್ವೆ ಇದಕ್ಕೊಂದು ಉದಾಹರಣೆ. ಶೀರ್ಷಿಕೆ ಪತಿಯ ಹೆಸರಿನದು. ಆದರೆ ವಚನದ ಕೊನೆಯ ಅಂಕಿತ ಹೆಚ್ಚಾಗಿ ಆಕೆಯ ಸ್ವಂತದ್ದು. ಮಂತ್ರಿಪದವಿಯಲ್ಲಿದ್ದ ಬಸವಣ್ಣನವರ ಪತ್ನಿಯರಲ್ಲಿ ನೀಲಮ್ಮ ‘ಸಂಗಯ್ಯ’ ಎಂಬ ಅಂಕಿತದಲ್ಲಿ ಬರೆದರೆ, ಗಂಗಾಂಬಿಕೆ ಪತಿಯ ಅಂಕಿತಕ್ಕೆ ‘ಗಂಗಾಪ್ರಿಯ’ ಎಂಬ ವಿಶೇಷಣ ಸೇರಿಸಿಕೊಂಡರು. ಶೀರ್ಷಿಕೆಗೂ ಅಂಕಿತಕ್ಕೂ ನಡುವಿನ ಈ ಅಂತರವನ್ನು ವಚನ ಸಂಪಾದಕರು ಪಾಠವಿಷಯವಾಗಿ ಮಾತ್ರ ಕಂಡರು. ಒಬ್ಬಳೇ ಹೆಣ್ಣಿಗೆ ಸಮಾಜ ಕೊಟ್ಟ ಗುರುತು ಒಂದು, ಆಕೆ ತಾನೇ ಇಟ್ಟುಕೊಂಡ ಗುರುತು ಮತ್ತೊಂದು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಲಿಖಿತ ಸಾಕ್ಷ್ಯ ದೊರೆಯುವುದು ಕಷ್ಟ.

ಬಹಮನಿ ರಾಜ್ಯವನ್ನು 1347ರಲ್ಲಿ ಸ್ಥಾಪಿಸಿ ಕಲಬುರಗಿಯನ್ನು ರಾಜಧಾನಿ ಮಾಡಿಕೊಂಡ ಅಲಾವುದ್ದೀನ್ ಹಸನನ ಪತ್ನಿ ಮಲಿಕಾ ಜಹಾನ್ ತವಾರೀಖುಗಳಲ್ಲಿ ಪ್ರಧಾನವಾಗಿ ಕಾಣಿಸುವುದು 1358ರಲ್ಲಿ ಪತಿ ತೀರಿಕೊಂಡ ಮೇಲೆ, ಮಗ ಒಂದನೆಯ ಮಹಮ್ಮದನ ಕಾಲದಲ್ಲಿ ಆಕೆ ಕೈಗೊಂಡ ಹಜ್ ಯಾತ್ರೆಯ ಸಂದರ್ಭದಲ್ಲಿ. ಹೊಸ ರಾಜ್ಯಕ್ಕೆ ಖಲೀಫರ ಮನ್ನಣೆ ದೊರಕಿದುದನ್ನು ಚರಿತ್ರಕಾರರು ಆ ಯಾತ್ರೆಯೊಂದಿಗೆ ಜೋಡಿಸುತ್ತಾರೆ. ಬೀದರಿನಲ್ಲಿ 1461ರಲ್ಲಿ ಹುಮಾಯೂನ್ ಷಾ ಸತ್ತಾಗ ಎಳೆಯ ಮಗನ ಪರವಾಗಿ ಮಹಮೂದ್ ಗವಾನ್ ಮೊದಲಾದವರ ಮಂಡಳಿಯೊಂದಿಗೆ ರಾಜ್ಯ ನಡೆಸಿದ ಮಖ್ದೂಮಾ ಜಹಾನಳದೂ ವಿಧವೆಯ ಚರಿತ್ರೆಯೇ.

ಆಧುನಿಕ ಕಲಬುರಗಿ ನಗರದ ಎರಡು ಚುನಾವಣೆಗಳನ್ನು ಈ ಪರಂಪರೆಯ ಮುಂದಿಟ್ಟು ನೋಡಬೇಕು. 2008ರಲ್ಲಿ ಗುಲ್ಬರ್ಗಾ ದಕ್ಷಿಣ ಕ್ಷೇತ್ರದಿಂದ ಭಾರತೀಯ ಜನತಾ ಪಕ್ಷದ ಚಂದ್ರಶೇಖರ ಪಾಟೀಲ ರೇವೂರ ಆಯ್ಕೆಯಾಗಿದ್ದರು. ಅವರ ನಿಧನದ ಬಳಿಕ 2010ರ ಉಪಚುನಾವಣೆಯಲ್ಲಿ ಪತ್ನಿ ಅರುಣಾ ಪಾಟೀಲ ರೇವೂರ ಗೆದ್ದರು. ಗುಲ್ಬರ್ಗಾ ಉತ್ತರದ ಶಾಸಕ, ಮಾಜಿ ಸಚಿವ ಖಮರುಲ್ ಇಸ್ಲಾಂ 2017ರ ಸೆಪ್ಟೆಂಬರಿನಲ್ಲಿ ನಿಧನರಾದಾಗ, ಮರುವರ್ಷ ಕಾಂಗ್ರೆಸ್ಸಿನಿಂದ ಅವರ ಪತ್ನಿ ಕನೀಜ್ ಫಾತಿಮಾ ಸ್ಪರ್ಧಿಸಿ ಆಯ್ಕೆಯಾದರು. ಎರಡನ್ನೂ ವಿವರಿಸಲು ಬಳಕೆಯಾದ ಶಬ್ದ ‘ಅನುಕಂಪದ ಅಲೆ’. ಈ ಶಬ್ದದ ಅನುಕೂಲವೆಂದರೆ ಅದು ಮತದಾರನ ಮನಸ್ಸನ್ನೂ ಅಭ್ಯರ್ಥಿಯ ಅರ್ಹತೆಯನ್ನೂ ಒಟ್ಟಿಗೆ ಪರಿಶೀಲನೆಯಿಂದ ಪಾರುಮಾಡುತ್ತದೆ. ರೇವೂರರ ಪತ್ನಿ ಗೆದ್ದದ್ದು ಪತಿಯ ಪಕ್ಷದಿಂದಲ್ಲ, ಜನತಾದಳ (ಜಾತ್ಯತೀತ)ದಿಂದ. ಅನುಕಂಪವೊಂದೇ ಕಾರಣವಾಗಿದ್ದರೆ ಅದರ ಫಲ ಪಕ್ಷಕ್ಕೂ ಸಲ್ಲಬೇಕಿತ್ತು. ಮತದಾರರು ಪಕ್ಷ ಬದಲಾದರೂ ಮನೆಯನ್ನು ಗುರುತಿಸಿದರೆಂದರೆ, ಆ ಮನೆ ಅಷ್ಟು ವರ್ಷಗಳಲ್ಲಿ ರಾಜಕೀಯ ಸಂಸ್ಥೆಯೊಂದರಂತೆ ನಡೆದಿತ್ತೆಂದೇ ಭಾವಿಸಬೇಕಾಗುತ್ತದೆ. ಅದನ್ನು ನಡೆಸಿದವರಲ್ಲಿ ಗೃಹಿಣಿಯ ಪಾಲೆಷ್ಟು ಎಂಬುದನ್ನು ಚುನಾವಣಾ ವಿಶ್ಲೇಷಣೆ ಕೇಳಲೇ ಇಲ್ಲ. ಕನೀಜ್ ಫಾತಿಮಾ ಅವರ ವಿಷಯದಲ್ಲಿ ಅನುಕಂಪದ ವಿವರಣೆ 2018ಕ್ಕೆ ತಕ್ಕಮಟ್ಟಿಗೆ ಒಪ್ಪಬಹುದಾದರೂ 2023ರ ಎರಡನೆಯ ಗೆಲುವಿಗೆ ಸಾಲದು. ಅದಕ್ಕೂ ಮೊದಲು, 2022ರ ಹಿಜಾಬ್ ವಿವಾದದ ಸಂದರ್ಭದಲ್ಲಿ, ಅವರು ಕಲಬುರಗಿಯ ಬೀದಿಯಲ್ಲಿ ನಿಂತು ತಮ್ಮ ನಿಲುವನ್ನು ತಮ್ಮದೇ ಮಾತಿನಲ್ಲಿ ಹೇಳಿದ್ದರು. ಆ ನಿಲುವನ್ನು ಒಪ್ಪುವುದು ಬಿಡುವುದು ಬೇರೆ ವಿಷಯ. ಪತಿಯ ನೆರಳೆಂಬ ವರ್ಣನೆ ಆ ಹೊತ್ತಿಗೆ ಹಳತಾಗಿತ್ತು.

ಪತಿಯ ಜೀವಿತಕಾಲದಲ್ಲಿಯೇ ಪತ್ನಿ ಸಂಸ್ಥೆಯ ಪದವಿಗೆ ಬಂದ ನಿದರ್ಶನವೂ ಇದೇ ನಗರದಲ್ಲಿದೆ. ಶರಣಬಸವೇಶ್ವರ ಸಂಸ್ಥಾನ ಗೃಹಸ್ಥ ಪೀಠಾಧಿಪತಿಗಳ ಪರಂಪರೆಯದು. ಅದರ ಎಂಟನೆಯ ಪೀಠಾಧಿಪತಿ, 2025ರ ಆಗಸ್ಟ್ 14ರಂದು ಲಿಂಗೈಕ್ಯರಾದ ಶರಣಬಸವಪ್ಪ ಅಪ್ಪ ಅವರು ಸಂಸ್ಥಾನದ ವಿದ್ಯಾವರ್ಧಕ ಸಂಘವನ್ನು ದೀರ್ಘಕಾಲ ಮುನ್ನಡೆಸಿದವರು. ಅವರಿರುವಾಗಲೇ ಪತ್ನಿ ದಾಕ್ಷಾಯಿಣಿ ಅವ್ವ ಸಂಘದ ಚೇರ್‌ಪರ್ಸನ್ ಆದರು. ವಿರಕ್ತ ಮಠದಲ್ಲಿ ಇದು ಸಾಧ್ಯವಿರಲಿಲ್ಲ. ದಾಸೋಹವೇ ಪ್ರಧಾನವಾದ ಗೃಹಸ್ಥ ಸಂಸ್ಥಾನದಲ್ಲಿ ಅಡುಗೆಮನೆಯಿಂದ ಆಡಳಿತಕ್ಕಿರುವ ದೂರ ಹೊರಗಿನವರು ತಿಳಿದಷ್ಟು ದೊಡ್ಡದಲ್ಲ. ‘ಅವ್ವ’ ಎಂಬ ಸಂಬೋಧನೆ ಈ ಭಾಗದಲ್ಲಿ ವಾತ್ಸಲ್ಯದ ಮಾತಾಗಿರುವಂತೆಯೇ ಅಧಿಕಾರದ ಮಾತೂ ಆಗಿದೆ.

ಕಲಬುರಗಿಯಿಂದ ಹುಮನಾಬಾದ್ ಮಾರ್ಗವಾಗಿ ಕಲ್ಯಾಣಕ್ಕೆ ಹೋಗುವ ದಾರಿಯಲ್ಲಿರುವ ಕಮಲಾಪುರದಂಥ ಊರುಗಳಲ್ಲಿ ಇದೇ ವಿಷಯ ತಲೆಕೆಳಗಾಗಿ ಎದುರಾಗುತ್ತದೆ. ಕೆಂಪು ಬಾಳೆಹಣ್ಣಿಗೆ ಹೆಸರಾದ ಈ ಊರು 2008ರ ಕ್ಷೇತ್ರ ಪುನರ್ವಿಂಗಡಣೆಯವರೆಗೆ ಪರಿಶಿಷ್ಟ ಜಾತಿಗೆ ಮೀಸಲಾದ ವಿಧಾನಸಭಾ ಕ್ಷೇತ್ರವಾಗಿತ್ತು. ಮುಂದೆ ತಾಲ್ಲೂಕು ಕೇಂದ್ರವಾಯಿತು. ಕರ್ನಾಟಕದಲ್ಲಿ 1987ರ ಮಂಡಲ ಪಂಚಾಯಿತಿ ಚುನಾವಣೆಗಳಲ್ಲಿ ಮಹಿಳೆಯರಿಗೆ ಶೇ. 25ರಷ್ಟು ಸ್ಥಾನಗಳು ಮೀಸಲಾದವು. 1993ರ ಪಂಚಾಯತ್ ರಾಜ್ ಅಧಿನಿಯಮ ಅದನ್ನು ಮೂರನೆಯ ಒಂದು ಭಾಗಕ್ಕೂ 2010ರ ತಿದ್ದುಪಡಿ ಶೇ. 50ಕ್ಕೂ ಏರಿಸಿತು. ಅಧ್ಯಕ್ಷ ಸ್ಥಾನವೂ ಸರದಿಯಂತೆ ಮಹಿಳೆಗೆ ಬಂದಾಗ, ನಿನ್ನೆಯವರೆಗೆ ಅಧ್ಯಕ್ಷರ ಹೆಂಡತಿಯಾಗಿದ್ದವಳು ಅಧ್ಯಕ್ಷೆಯಾಗುವುದೂ, ನಿನ್ನೆಯ ಅಧ್ಯಕ್ಷರು ಅಧ್ಯಕ್ಷೆಯ ಗಂಡನಾಗಿ ಅದೇ ಕುರ್ಚಿಯ ಪಕ್ಕ ಕೂರುವುದೂ ಹೈದರಾಬಾದ್ ಕರ್ನಾಟಕದ ಹಳ್ಳಿಗಳಿಗೆ ಹೊಸದಲ್ಲ. ದೇಶದ ಉದ್ದಗಲಕ್ಕೂ ಹರಡಿದ ಈ ರೂಢಿಯನ್ನು ತಡೆಯುವ ಬಗೆಯನ್ನು ಸೂಚಿಸಲು ಕೇಂದ್ರ ಪಂಚಾಯತ್ ರಾಜ್ ಸಚಿವಾಲಯ 2023ರಲ್ಲಿ ಸಮಿತಿಯನ್ನೇ ನೇಮಿಸಬೇಕಾಯಿತು.

ಗಂಡನ ಹಸ್ತಕ್ಷೇಪವನ್ನು ಖಂಡಿಸುವ ಬರಹಗಳು ಸರಿಯಾಗಿಯೇ ಖಂಡಿಸುತ್ತವೆ. ಆದರೆ ಅವುಗಳಲ್ಲಿ ಒಂದು ಪೂರ್ವಗ್ರಹ ನುಸುಳಿದೆ: ಪತ್ನಿ ಹಿಂದಿನಿಂದ ಪ್ರಭಾವ ಬೀರಿದರೆ ಅದು ತ್ಯಾಗ, ಪತಿ ಹಿಂದಿನಿಂದ ಪ್ರಭಾವ ಬೀರಿದರೆ ಅದು ಆಡಳಿತ. ಮೊದಲನೆಯದನ್ನು ಅಧಿಕಾರವೆಂದು ಗುರುತಿಸದವರು ಎರಡನೆಯದನ್ನು ಮಾತ್ರ ಅಧಿಕಾರದ ದುರುಪಯೋಗವೆಂದು ಕರೆಯುವುದು ತರ್ಕಕ್ಕೆ ನಿಲ್ಲದು. ಎರಡನ್ನೂ ಒಂದೇ ಅಳತೆಗೋಲಿನಿಂದ ಅಳೆಯಲು ಬೇಕಾದ ಆಕರ ಪಂಚಾಯಿತಿ ಕಚೇರಿಯ ನಡಾವಳಿ ಪುಸ್ತಕದಲ್ಲಿಯೇ ಇದೆ. ಅದರಲ್ಲಿ ಠರಾವಿನ ಕೆಳಗೆ ಅಧ್ಯಕ್ಷೆಯ ಸಹಿಯೋ ಹೆಬ್ಬೆಟ್ಟಿನ ಗುರುತೋ ಇರುತ್ತದೆ. ಪಕ್ಕದಲ್ಲಿ ಕುಳಿತ ಗಂಡನ ಮಾತಿನ ಸುಳಿವಿರುವುದಿಲ್ಲ. ಅಭಿನಂದನ ಗ್ರಂಥ ಪತ್ನಿಯ ಪಾಲನ್ನು ಅಳಿಸುವಂತೆ ನಡಾವಳಿ ಪುಸ್ತಕ ಪತಿಯ ಪಾಲನ್ನು ಅಳಿಸುತ್ತದೆ. ಆದರೂ ಒಂದು ಅವಧಿಯ ಮೊದಲ ಸಭೆಯಿಂದ ಕೊನೆಯ ಸಭೆಯವರೆಗೆ ಆ ಸಹಿಗಳನ್ನು ಸಾಲಾಗಿ ಇಟ್ಟು ನೋಡಿದರೆ, ಯಾವ ಸಭೆಯಿಂದ ಕುಡಿಯುವ ನೀರು, ಅಂಗನವಾಡಿ, ಶೌಚಾಲಯದ ವಿಷಯಗಳು ಮೇಲಕ್ಕೆ ಬಂದವು, ಯಾವ ಠರಾವಿಗೆ ಅಧ್ಯಕ್ಷೆ ಗೈರುಹಾಜರಾದಳು, ಯಾವ ತಿಂಗಳಿನಿಂದ ಹೆಬ್ಬೆಟ್ಟಿನ ಜಾಗದಲ್ಲಿ ಅಕ್ಷರ ಮೂಡಿತು ಎಂಬುದು ತಿಳಿದುಬರುವಂತಿದೆ.