ಕಿಟಕಿ ತೆರೆದವಳು

‘ನೊಸ್ಫೆರಾಟು’ ಎಂದರೆ ಸಾಕು, ಎಲ್ಲರಿಗೂ ಮ್ಯಾಕ್ಸ್ ಶ್ರೆಕ್ ನೆನಪಾಗುತ್ತಾನೆ. ಆ ಬೋಳು ತಲೆ, ಇಲಿಹಲ್ಲು, ಕೊಕ್ಕೆಯಂಥ ಉಗುರು. ಆದರೆ ನಿರ್ದೇಶಕ ಮುರ್ನೌನ ಈ 1922ರ ಮೂಕಿ ಚಿತ್ರದಲ್ಲಿ ಅವನು ನಟಿಸಿದ, ರಕ್ತ ಹೀರುವ ಕೌಂಟ್ ಓರ್ಲಾಕ್ ಕಾಣಿಸುವುದು ತೀರಾ ಸ್ವಲ್ಪ ಹೊತ್ತು. ಉಳಿದಂತೆ ಅವನ ಭಯವನ್ನು ಮೈಮೇಲೆ ಹೊತ್ತು ತಿರುಗುವವಳು ನಾಯಕಿ ಎಲೆನ್. ಆ ಪಾತ್ರ ಮಾಡಿದ ಗ್ರೇಟಾ ಶ್ರೋಡರ್ ಹೆಸರು ಸಿನಿಮಾ ಹುಚ್ಚರಿಗೂ ಚಟ್ಟನೆ ಹೊಳೆಯುವುದಿಲ್ಲ.

ಹುಟ್ಟಿದ್ದು 1892ರಲ್ಲಿ, ಡ್ಯುಸೆಲ್‌ಡಾರ್ಫ್‌ನಲ್ಲಿ. 1920ರ ‘ಗೋಲೆಮ್’ನಲ್ಲಿ ಒಂದು ಚಿಕ್ಕ ಪಾತ್ರ. ಆ ಚಿತ್ರದ ನಾಯಕ ಪಾಲ್ ವೆಗೆನರ್‌ನನ್ನೇ ಮುಂದೆ ಮದುವೆಯಾದಳು. ತಾರೆ ಎನ್ನಿಸಿಕೊಳ್ಳಲೇ ಇಲ್ಲ. ತಮಾಷೆ ನೋಡಿ, 2000ದಲ್ಲಿ ಬಂದ ‘ಶ್ಯಾಡೋ ಆಫ್ ದ ವ್ಯಾಂಪೈರ್’ ಚಿತ್ರ ‘ನೊಸ್ಫೆರಾಟು’ ಚಿತ್ರೀಕರಣದ ಕಥೆ ಕಟ್ಟುತ್ತಾ ಈಕೆಯನ್ನು ಮಾರ್ಫಿನ್ ಚಟದ ಮಹಾತಾರೆ ಮಾಡಿಬಿಟ್ಟಿತು. ಬದುಕಿದ್ದಾಗ ಸಿಗದ ಮೆರೆದಾಟ ಸತ್ತ ಇಪ್ಪತ್ತು ವರ್ಷಕ್ಕೆ ಸಿಕ್ಕಿತು, ಅದೂ ಸುಳ್ಳು.

ಅಸಲಿ ಗ್ರೇಟಾಳನ್ನು ನೋಡಬೇಕಾದರೆ ನಿದ್ದೆಯಲ್ಲಿ ನಡೆಯುವ ದೃಶ್ಯಕ್ಕೆ ಹೋಗಬೇಕು. ಗಂಡ ಹಟ್ಟರ್ ದೂರದ ಬೆಟ್ಟದ ಕೋಟೆಯಲ್ಲಿ ಓರ್ಲಾಕ್‌ನ ಕೈಗೆ ಸಿಕ್ಕಿದ್ದಾನೆ. ಇತ್ತ ಊರಿನಲ್ಲಿ ಎಲೆನ್ ಹಾಸಿಗೆಯಲ್ಲಿ ಎದ್ದು ಕೂತು, ಕೈ ಚಾಚಿ ಗಂಡನ ಹೆಸರು ಕೂಗುತ್ತಾಳೆ. ಅತ್ತ ಓರ್ಲಾಕ್ ಬೇಟೆ ಬಿಟ್ಟು ಕತ್ತು ತಿರುಗಿಸುತ್ತಾನೆ! ಎರಡು ತುಂಡು ಫಿಲ್ಮನ್ನು ಅಂಟಿಸಿದ ಜಾಣತನ ಮುರ್ನೌನದು, ಒಪ್ಪುತ್ತೇನೆ. ಆದರೆ ಆ ಚಾಚಿದ ಕೈಯಲ್ಲಿ ಬಿಗಿ ಇಲ್ಲದಿದ್ದರೆ ಅಂಟು ಹಿಡಿಯುತ್ತಿರಲಿಲ್ಲ. ಕಡಲತೀರದ ಮರಳಿನಲ್ಲಿ, ವಾಲಿದ ಶಿಲುಬೆಗಳ ನಡುವೆ ಕಪ್ಪುಡುಗೆ ತೊಟ್ಟು ಕಾಯುವಾಗಲಂತೂ ಅಭಿನಯವೇ ಇಲ್ಲ. ಸುಮ್ಮನೆ ಕೂತಿರುತ್ತಾಳೆ, ಅಷ್ಟೇ. ಸುತ್ತಲಿನ ನಟರೆಲ್ಲ ಹುಬ್ಬು, ಕೈಕಾಲು ಕುಣಿಸುತ್ತಿರುವ ಚಿತ್ರದಲ್ಲಿ ಇದು ಸಣ್ಣ ಧೈರ್ಯವಲ್ಲ.

ಕೊನೆಗೆ ಆ ಕಿಟಕಿ. ಕೋಟೆ ಬಿಟ್ಟು ಊರಿಗೇ ಬಂದ ಓರ್ಲಾಕ್ ಎದುರು ಮನೆಯಿಂದ ದಿಟ್ಟಿಸುತ್ತಿದ್ದಾನೆ. ಶುದ್ಧ ಮನಸ್ಸಿನ ಹೆಣ್ಣು ಬೆಳಗಾಗುವವರೆಗೆ ಅವನನ್ನು ತಡೆದಿಟ್ಟರೆ ಊರು ಉಳಿಯುತ್ತದೆಂದು ಎಲೆನ್ ಓದಿಕೊಂಡಿದ್ದಾಳೆ. ಎರಡೂ ಕದ ತೆರೆದು, ವೈದ್ಯರನ್ನು ಕರೆತರಲು ಗಂಡನನ್ನು ಅಟ್ಟುತ್ತಾಳೆ. ಆಮೇಲೆ ಬರುವುದು ಓರ್ಲಾಕ್ ಅಲ್ಲ, ಅವನ ಕೈಯ ನೆರಳು. ಅದು ಬಿಳಿ ನಿಲುವಂಗಿಯ ಮೇಲೆ ತೆವಳಿ ಎದೆಯ ಬಳಿ ಮುಷ್ಟಿ ಹಿಡಿಯುತ್ತದೆ. ನೆರಳಿಗೆ ಭಾರವಿಲ್ಲ, ನೋವನ್ನು ಗ್ರೇಟಾಳ ಮೈಯೇ ಹುಟ್ಟಿಸಬೇಕು. ಹುಟ್ಟಿಸುತ್ತದೆ.

ನೋಡುವವರಿಗೆ ಒಂದು ಮಾತು. ಬ್ರಾಂ ಸ್ಟೋಕರ್‌ನ ‘ಡ್ರಾಕುಲಾ’ವನ್ನು ಕೇಳದೆ ಬಳಸಿದ್ದಕ್ಕೆ 1925ರಲ್ಲಿ ಜರ್ಮನ್ ನ್ಯಾಯಾಲಯ ಪ್ರತಿಗಳನ್ನು ನಾಶಮಾಡಲು ಹೇಳಿತ್ತು. ಅಲ್ಲಿ ಇಲ್ಲಿ ಉಳಿದ ಪ್ರತಿಗಳಲ್ಲಿ ಬರೀ ಕಪ್ಪು-ಬಿಳುಪಿನವೇ ಬಹುಕಾಲ ಓಡಾಡಿದವು. ರಾತ್ರಿಯ ಹೊರಾಂಗಣವನ್ನು ಹಗಲಲ್ಲೇ ಚಿತ್ರಿಸಿ ಫಿಲ್ಮಿಗೆ ನೀಲಿ ಹಾಕುತ್ತಿದ್ದ ಕಾಲ ಅದು. ನೀಲಿ ಹೋದರೆ ಓರ್ಲಾಕ್ ಮಟಮಟ ಮಧ್ಯಾಹ್ನ ಶವಪೆಟ್ಟಿಗೆ ಹೊತ್ತು ನಡೆಯುತ್ತಾನೆ. ಬಣ್ಣ ಹಾಕಿದ ಪ್ರತಿಯನ್ನೇ ಹುಡುಕಿ.