ತನ್ನ ಬಾನಿ ಹೇರದ ಗುರು

ಶಿಷ್ಯನ ಕಮಾನಿನಲ್ಲಿ ಗುರುವಿನ ಬಾನಿ, ಅಂದರೆ ನುಡಿಸುವ ಶೈಲಿ, ಕೇಳಿಸದಿದ್ದರೆ ಪಾಠ ಇಳಿದಿಲ್ಲ ಎಂದೇ ಅರ್ಥ: ಇದು ಸಂಗೀತ ಬಲ್ಲವರ ಹಳೆಯ ತೀರ್ಪು. ಯೂರೋಪಿನವರೂ ಹಾಗೆಯೇ, ಕಮಾನು ಹಿಡಿದ ಬೆರಳು ನೋಡಿ ರಷ್ಯನ್ ಪಂಥ, ಫ್ರಾಂಕೊ-ಬೆಲ್ಜಿಯನ್ ಪಂಥ ಎಂದು ವಿಂಗಡಿಸುತ್ತಾರೆ. ಸ್ಲೊವೇನಿಯಾದ ಪಿಟೀಲುವಾದಕ ಈಗೋರ್ ಓಝಿಮ್ ಅವರ ಬದುಕಿಗೆ ಈ ಅಳತೆಗೋಲು ಹಿಡಿದರೆ ತಪ್ಪು ಲೆಕ್ಕವೇ ಸಿಗುತ್ತದೆ.

1931ರಲ್ಲಿ ಲ್ಯೂಬ್ಲಿಯಾನಾದಲ್ಲಿ ಹುಟ್ಟಿದ ಓಝಿಮ್, ಲಂಡನ್ನಿನಲ್ಲಿ ಮ್ಯಾಕ್ಸ್ ರೋಸ್ಟಾಲ್ ಬಳಿ ಕಲಿತರು. 1951ರಲ್ಲಿ ಕಾರ್ಲ್ ಫ್ಲೆಶ್ ಸ್ಪರ್ಧೆ, 1953ರಲ್ಲಿ ಮ್ಯೂನಿಕ್‌ನ ಸ್ಪರ್ಧೆ ಗೆದ್ದರು. ಕಲೋನ್, ಬರ್ನ್, ಸಾಲ್ಜ್‌ಬರ್ಗ್‌ಗಳಲ್ಲಿ ಪಾಠ ಹೇಳಿದರು. 2024ರಲ್ಲಿ ತೀರಿಕೊಂಡರು.

ಬರ್ನ್‌ನಲ್ಲಿ ಅವರಿಂದ ಕಲಿತ ಇಬ್ಬರನ್ನು ಒಟ್ಟಿಗೆ ಕೇಳಿ ನೋಡಿ. ಮೊಲ್ಡೋವಾದ ಪಾಟ್ರಿಸಿಯಾ ಕೊಪಾಚಿನ್‌ಸ್ಕಾಯಾ ಬರಿಗಾಲಲ್ಲಿ ವೇದಿಕೆ ಹತ್ತುತ್ತಾರೆ. ಬೀಥೋವನ್ ತನ್ನ ಪಿಟೀಲು ಕಾನ್ಸರ್ಟೊವನ್ನು ಪಿಯಾನೋಗೆ ಅಳವಡಿಸಿದಾಗ ಬರೆದ, ಟಿಂಪನಿ ನಗಾರಿಯೂ ಜೊತೆಗೂಡುವ ಕೆಡೆನ್ಜಾವನ್ನು (ಮುಖ್ಯ ವಾದಕರ ಕೈಚಳಕಕ್ಕೆ ಮೀಸಲಾದ ಭಾಗವನ್ನು) ಮತ್ತೆ ಪಿಟೀಲಿಗೇ ತಂದು ನುಡಿಸುತ್ತಾರೆ. ಆ ನಾದ ಕೆಲವೆಡೆ ಕರ್ಕಶ, ಕೆಲವೆಡೆ ಉಸಿರಷ್ಟೇ. ಆಸ್ಟ್ರೇಲಿಯಾದ ರಿಚರ್ಡ್ ಟೊನೆಟ್ಟಿಯ ದಾರಿ ಬೇರೆ. ಆಸ್ಟ್ರೇಲಿಯನ್ ಚೇಂಬರ್ ಆರ್ಕೆಸ್ಟ್ರಾವನ್ನು ಪಿಟೀಲು ನುಡಿಸುತ್ತಲೇ ನಡೆಸಿದವರು ಅವರು. ಬಿಗಿಯಾದ ಲಯ, ತಿಳಿಯಾದ ನಾದ. ಗುರು ಒಬ್ಬರೇ ಎಂದು ಕಿವಿ ಹೇಳುವುದಿಲ್ಲ.

ಅದು ಅವರವರ ಪ್ರತಿಭೆ, ಗುರುವಿನ ಪಾಲೇನು ಎನ್ನಬಹುದು. ಒಪ್ಪಲಾರೆ. ಓಝಿಮ್ ಸಂಪಾದಿಸಿದ ‘ಪ್ರೊ ಮ್ಯೂಸಿಕಾ ನೋವಾ’ ಹೊಸ ಸಂಗೀತ ನುಡಿಸುವುದನ್ನು ಕಲಿಸುವ ಅಭ್ಯಾಸ ಪಾಠಗಳ ಪುಸ್ತಕ. ಸಮಕಾಲೀನ ಸಂಗೀತದಲ್ಲಿ ಅನುಕರಿಸಲು ಹಳೆಯ ಮಾದರಿಯೇ ಇರುವುದಿಲ್ಲ. ಪುಟದ ಗುರುತುಗಳನ್ನು ವಿದ್ಯಾರ್ಥಿ ತಾನೇ ಬಿಡಿಸಿಕೊಳ್ಳಬೇಕು. ತನ್ನ ನಾದದ ನಕಲು ಬಯಸುವ ಮೇಷ್ಟ್ರು ಇಂಥ ಕೆಲಸಕ್ಕೆ ಕೈ ಹಾಕುವುದಿಲ್ಲ.

ಬಾನಿ ಕಾಯುವವರನ್ನು ನಾನು ಹಗುರವಾಗಿ ಕಾಣುತ್ತಿಲ್ಲ. ಅವರಿಲ್ಲದಿದ್ದರೆ ಎಷ್ಟೋ ನುಡಿಸಾಣಿಕೆ ಅಳಿದುಹೋಗುತ್ತಿತ್ತು. ಆದರೆ ಕೊಪಾಚಿನ್‌ಸ್ಕಾಯಾ, ಟೊನೆಟ್ಟಿ ಇಬ್ಬರಿಗೂ ಸಮಾನವಾಗಿರುವುದು ಒಂದುಂಟು: ಕೃತಿಯನ್ನು ಬೇರೆಯವರು ಹೇಗೆ ನುಡಿಸಿದ್ದಾರೆ ಎಂಬಲ್ಲಿಂದ ಅವರು ಹೊರಡುವುದಿಲ್ಲ, ಬರೆದ ಪುಟದಿಂದಲೇ ಹೊರಡುತ್ತಾರೆ. ಓಝಿಮ್‌ರನ್ನು ಹುಡುಕಬೇಕಾದದ್ದು ಅಲ್ಲಿ.