ಎಮ್ಮೆದೊಡ್ಡಿಗೆ ಹಿಮ ಬೇಕಿಲ್ಲ

ಸಾಹಿತ್ಯ ಗೋಷ್ಠಿ ಮುಗಿದು ಕಾಫಿಗೆ ನಿಂತಾಗ ಆಗಾಗ ಕೇಳಿಬರುವ ಮಾತೊಂದಿದೆ: ಕನ್ನಡಕ್ಕೆ ಒಬ್ಬ ಜಾಕ್ ಲಂಡನ್ ಸಿಗಲಿಲ್ಲ. ಕಾಡು ಬೇಕಾದಷ್ಟಿತ್ತು, ಹುಲಿ ಆನೆಗಳಿಗೂ ಬರವಿರಲಿಲ್ಲ, ಆದರೂ ಕಾಡಿನ ಸಾಹಸದ ದೊಡ್ಡ ಕಾದಂಬರಿ ಹುಟ್ಟಲಿಲ್ಲವಂತೆ. ಹುಟ್ಟಿದ್ದು ಶಿಕಾರಿ ಕತೆಗಳು, ಅವನ್ನು ಹೈಸ್ಕೂಲು ಮುಗಿಯುವುದರೊಳಗೆ ಓದಿ ಅಟ್ಟಕ್ಕೆ ಹಾಕಬೇಕಂತೆ. ಮಾತು ಕೆನೆತ್ ಆಂಡರ್ಸನ್‌ನತ್ತ ತಿರುಗಿದರೆ ತೀರ್ಪು ಇನ್ನೂ ಚುಟುಕು: ಕಾರ್ಬೆಟ್ ಇರುವಾಗ ಇವನೇಕೆ?

ಹೀಗೆ ಹೇಳುವವರು ಕಡೂರು, ಬೀರೂರು, ಲಿಂಗದಹಳ್ಳಿ, ಅಜ್ಜಂಪುರದ ಕಡೆ ರೈಲಿನಲ್ಲಿ ಹೋಗಿರಬಹುದು. ಕಿಟಕಿಯಾಚೆ ನೋಡಿದಂತೆ ಕಾಣುವುದಿಲ್ಲ.

ಹಿಮದ ನಾಡಿನ ಕಾದಂಬರಿಗಳ ಸೊಗಸನ್ನು ಅಲ್ಲಗಳೆಯಬೇಕಿಲ್ಲ. 1903ರ 'ದಿ ಕಾಲ್ ಆಫ್ ದಿ ವೈಲ್ಡ್', 1906ರ 'ವೈಟ್ ಫ್ಯಾಂಗ್', 1908ರ 'ಟು ಬಿಲ್ಡ್ ಎ ಫೈರ್' ಕೈಗೆತ್ತಿಕೊಂಡರೆ ಕೆಳಗಿಡಲಾಗದ ಬರಹಗಳು. ಕ್ಯಾಲಿಫೋರ್ನಿಯಾದ ಬೆಚ್ಚನೆಯ ಬಂಗಲೆಯಿಂದ ಕದ್ದೊಯ್ಯಲ್ಪಟ್ಟ ಬಕ್ ಎಂಬ ನಾಯಿ ಸ್ಲೆಡ್ಜಿನ ಪಟ್ಟಿಗೆ ಕೊರಳೊಡ್ಡಿ, ಪೆಟ್ಟು ತಿಂದು, ಕೊನೆಗೆ ತೋಳಗಳ ಹಿಂಡಿನ ಮುಂದಾಳಾಗುವ ಕತೆ ನೂರು ವರ್ಷ ಕಳೆದರೂ ಹಳಸಿಲ್ಲ. ಆದರೆ ಈ ಕತೆಗಳ ಕಾಡು ಎಂಥದು? ಅದು ಖಾಲಿ. ಒಬ್ಬ ಮನುಷ್ಯ, ಒಂದಿಷ್ಟು ನಾಯಿಗಳು, ಉಳಿದದ್ದೆಲ್ಲ ಬಿಳಿ. 'ಟು ಬಿಲ್ಡ್ ಎ ಫೈರ್' ಕತೆಯ ಮನುಷ್ಯನಿಗೆ ಹೆಸರೂ ಇಲ್ಲ. ಅವನು ಚಳಿಗೆ ಸೆಟೆದು ಸಾಯುತ್ತಾನೆ, ನಾಯಿ ಬದುಕಿಕೊಳ್ಳುತ್ತದೆ.

ನಿಜದಲ್ಲಿ ಆ ನೆಲ ಖಾಲಿಯಾಗಿರಲಿಲ್ಲ. ಲಂಡನ್ 1897ರಲ್ಲಿ ಕ್ಲೋಂಡೈಕಿಗೆ ಚಿನ್ನ ಹುಡುಕಿ ಹೋದವನು, ವರ್ಷ ತುಂಬುವ ಮೊದಲೇ ಸ್ಕರ್ವಿ ಹಿಡಿಸಿಕೊಂಡು ವಾಪಸಾದವನು. ಅವನು ಅಲ್ಲಿದ್ದಾಗ ಡಾಸನ್ ಎಂಬ ಪಟ್ಟಣ ಗಿಜಿಗುಡುತ್ತಿತ್ತು. ಆ ನದೀಮುಖದಲ್ಲಿ ತಲೆತಲಾಂತರದಿಂದ ಮೀನು ಹಿಡಿದುಕೊಂಡಿದ್ದ ಮೂಲನಿವಾಸಿಗಳು ಚಿನ್ನದ ಜಾತ್ರೆಗೆ ಜಾಗ ಬಿಟ್ಟು ಕೆಳಹೊಳೆಯ ಕಡೆ ಸರಿಯಬೇಕಾಯಿತು. ಕಾದಂಬರಿಯಲ್ಲಿ ಅವರ ಜಾಗಕ್ಕೆ ಬಂದವರು ಯೀಹ್ಯಾಟರು. ಅಂಥದೊಂದು ಬುಡಕಟ್ಟು ಲೋಕದಲ್ಲೆಲ್ಲೂ ಇಲ್ಲ, ಲಂಡನ್ ಕಟ್ಟಿದ್ದು. ಬಕ್‌ನ ಯಜಮಾನನನ್ನು ಕೊಲ್ಲಲು ಮತ್ತು ಬಕ್‌ನ ಹಲ್ಲಿಗೆ ಸಿಕ್ಕಿ ಸಾಯಲು ಯಾರಾದರೂ ಬೇಕಿತ್ತು.

ಈಗ ಎಮ್ಮೆದೊಡ್ಡಿಗೆ ಬರೋಣ.

ಆಂಡರ್ಸನ್‌ನ ಮೊದಲ ಪುಸ್ತಕ 'ನೈನ್ ಮ್ಯಾನ್ ಈಟರ್ಸ್ ಅಂಡ್ ಒನ್ ರೋಗ್' 1954ರಲ್ಲಿ ಬಂತು. ಅದರಲ್ಲಿ ಎಮ್ಮೆದೊಡ್ಡಿಯ ನರಭಕ್ಷಕನ ಕತೆಯಿದೆ, ಹೊಸದುರ್ಗ ಹೊಳಲ್ಕೆರೆಯ ನರಭಕ್ಷಕನ ಕತೆಯೂ ಇದೆ. ಒಂದು ಕಡೂರು ತಾಲ್ಲೂಕಿನದು. ಇನ್ನೊಂದು ನಡೆಯುವುದು ಬೀರೂರಿನಿಂದ ಅಜ್ಜಂಪುರ, ಶಿವನಿ ದಾಟಿ ಚಿಕ್ಕಜಾಜೂರಿನತ್ತ ಹೋಗುವ ರೈಲುಹಾದಿಯ ಸೀಮೆಯಲ್ಲಿ. 1910ರಲ್ಲಿ ಹೈದರಾಬಾದಿನ ಬಳಿ ಹುಟ್ಟಿ, ಬೆಂಗಳೂರಿನಲ್ಲಿ ಬದುಕಿ, 1974ರಲ್ಲಿ ಅಲ್ಲೇ ತೀರಿಕೊಂಡ ಈ ಸ್ಕಾಟಿಷ್ ಮೂಲದ ಮನುಷ್ಯ ರಜೆ ಸಿಕ್ಕಾಗೆಲ್ಲ ಇಂಥ ಊರುಗಳಿಗೆ ಬರುತ್ತಿದ್ದ. ಬರೆಯುವಾಗ ಅವನದೊಂದು ಪದ್ಧತಿ: ಯಾವ ಸ್ಟೇಷನ್ನಿನಲ್ಲಿ ಇಳಿಯಬೇಕು, ಯಾವ ರಸ್ತೆ ಹಿಡಿಯಬೇಕು, ಎಷ್ಟು ಮೈಲಿಗೆ ಯಾವ ಹಳ್ಳಿ, ಬೆಟ್ಟ ಯಾವ ದಿಕ್ಕಿಗೆ, ಕೆರೆ ಎಲ್ಲಿ ಎಂಬುದನ್ನೆಲ್ಲ ಹೇಳಿ ಮುಗಿಸುವ ತನಕ ಹುಲಿ ಬರುವುದಿಲ್ಲ.

ಇದನ್ನು ಗೆಜೆಟಿಯರ್ ಬರವಣಿಗೆ ಎಂದು ಹೀಗಳೆದವರುಂಟು. ಅವರಿಗೆ ಒಂದು ವಿಷಯ ಹೊಳೆದಿಲ್ಲ: ಆಂಡರ್ಸನ್‌ನಲ್ಲಿ ಈ ದಾರಿಗಳೇ ಕತೆ. ದನ ನೀರಿಗೆ ಹೋಗುವ ದಾರಿ, ಸೌದೆಯವರು ಹತ್ತುವ ದಾರಿ, ಸಂತೆಗೆ ಗಾಡಿ ಹೋಗುವ ದಾರಿ, ಇವುಗಳಿಗೆ ಅಡ್ಡಲಾಗಿ ಹುಲಿಯ ದಾರಿ. ಇವು ಕೂಡುವ ಜಾಗ ಓದುಗನಿಗೆ ಮೊದಲೇ ಗೊತ್ತಿರುವುದರಿಂದಲೇ ಸಂಜೆಯಾಗುತ್ತಿದ್ದಂತೆ ಮೈ ನಡುಗುತ್ತದೆ. ಮಚಾನಿನ ಮೇಲೆ ಕೂತು ರಾತ್ರಿಯಿಡೀ ಕೇಳಿಸಿಕೊಳ್ಳುವ ಅವನ ಪುಟಗಳನ್ನು ಯಾರಾದರೂ ಬಿಡುವಾಗಿ ಮತ್ತೆ ಓದಬೇಕು. ಕಡವೆ ಎಲ್ಲಿ ಕೂಗಿತು, ಮುಸುವ ಯಾವ ಮರದಿಂದ ಕೆಮ್ಮಿತು, ನಡುವೆ ಎಲ್ಲವೂ ಯಾಕೆ ಸುಮ್ಮನಾಯಿತು ಎಂಬ ಲೆಕ್ಕಾಚಾರದಲ್ಲಿ ಪುಟಗಟ್ಟಲೆ ಹೋಗುತ್ತವೆ, ಗುಂಡು ಹಾರುವುದಿಲ್ಲ. ಎಷ್ಟೋ ಕತೆಗಳಲ್ಲಿ ಅವನು ರಾತ್ರಿಗಳ ಮೇಲೆ ರಾತ್ರಿ ಸೋಲುತ್ತಾನೆ, ಅಷ್ಟರಲ್ಲಿ ಊರಿನಲ್ಲಿ ಇನ್ನೊಬ್ಬರು ಸಾಯುತ್ತಾರೆ. ಲಂಡನ್‌ನ ನಾಯಕ ತನ್ನ ಜೀವಕ್ಕಾಗಿ ಹೋರಾಡುತ್ತಾನೆ. ಆಂಡರ್ಸನ್‌ನ ಸೋಲಿಗೆ ಬೆಲೆ ತೆರುವವರು ಬೇರೆಯವರು, ಅವರಿಗೆ ಊರುಂಟು, ಮನೆಯುಂಟು, ಹೆಸರುಂಟು.

ಕಡೂರಿನ ನೆರೆಯ ಅರಸೀಕೆರೆ ಕಡೆಯ ಆಲಂ ಬಕ್ಷ್ ಮತ್ತು ಕರಡಿಯ ಕತೆ 1957ರ ಪುಸ್ತಕದಲ್ಲಿದೆ. ದರ್ಗಾ ನೋಡಿಕೊಂಡಿದ್ದ ಮುದುಕನ ಮಗ ಕರಡಿಯ ಉಗುರಿಗೆ ಸಿಕ್ಕಿ ಸಾಯುತ್ತಾನೆ. ಬೆಟ್ಟದ ಕಲ್ಲುಪೊಟರೆ, ಹಣ್ಣು ಬಿಟ್ಟ ಆಲ ಅತ್ತಿ, ಕಡಲೆಕಾಯಿ ಹೊಲ, ಇವಿಷ್ಟರಲ್ಲೇ ಕತೆಯ ಓಡಾಟ. ಕರಡಿ ಗೋಡೆಗೆ ತೂಗುಹಾಕುವ ಬೇಟೆಯಲ್ಲ, ಅದನ್ನು ಹೊಡೆದವನಿಗೆ ಕೀರ್ತಿಯೂ ಇಲ್ಲ. ಯೂಕಾನಿನ ಹಿಮದಲ್ಲಿ ಇಂಥ ದುಃಖಕ್ಕೆ ಜಾಗವಿಲ್ಲ, ಏಕೆಂದರೆ ಅಲ್ಲಿ ಅಪ್ಪಂದಿರೇ ಇಲ್ಲ.

ಆಂಡರ್ಸನ್‌ನ ಮೇಲೆ ದೂರುಗಳಿವೆ. ಹಳ್ಳಿಗರ ಬಗ್ಗೆ ಅವನ ದನಿ ಕೆಲವೊಮ್ಮೆ ದೊರೆಯ ದನಿಯೇ. ಬಂದೂಕು ಹಿಡಿದ ಬಿಳಿಯ ಬಂದು ಊರನ್ನು ಉಳಿಸುವ ಹಳೆಯ ಆಟವೂ ಅವನಲ್ಲಿದೆ. ಸರಿ, ಇದೆ. ಆದರೆ ಅದೇ ದೊರೆ ಬೈರ ಪೂಜಾರಿ ಎಂಬ ಕಳ್ಳಬೇಟೆಗಾರನನ್ನು ಗುರುವೆಂದು ಒಪ್ಪಿ, ಪುಸ್ತಕದಲ್ಲಿ ಒಂದು ಕತೆಗೆ ಅವನ ಹೆಸರನ್ನೇ ಇಡುತ್ತಾನೆ. ಆ ಕಾಲದ ಮಲೆನಾಡಿನ ಶಿಕಾರಿ ಜಮೀನ್ದಾರರಲ್ಲಿ ಎಷ್ಟು ಮಂದಿ ತಮ್ಮ ಆಳಿನ ಹೆಸರನ್ನು ಹಾಗೆ ತಲೆಬರಹದಲ್ಲಿ ಇಟ್ಟಾರು?

ಇನ್ನೊಂದು ದೂರು ಹೆಚ್ಚು ಗಟ್ಟಿ: ಅವನು ಉಪ್ಪುಖಾರ ಹಚ್ಚಿ ಬರೆದ, ಎಲ್ಲವೂ ನಡೆದದ್ದಲ್ಲ. ಇರಬಹುದು. ಆದರೆ ಈ ತಕ್ಕಡಿ ಎಲ್ಲರಿಗೂ ಒಂದೇ ಇರಲಿ. ಉತ್ತರದ ಪ್ರಾಣಿಕತೆಗಳ ಮೇಲೆ ನಿಸರ್ಗ ಲೇಖಕ ಜಾನ್ ಬರೋಸ್ 1903ರಲ್ಲೇ ಹರಿಹಾಯ್ದಿದ್ದ. 1907ರಲ್ಲಿ ಅಮೆರಿಕದ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟನೇ ಲಂಡನ್‌ನ ಹೆಸರೆತ್ತಿ, ಇವನ ತೋಳ ನಾಯಿಗಳ ಕಾಳಗ ಬುರುಡೆ ಎಂದ. ಲಂಡನ್‌ನ ಮಾನಕ್ಕೇನೂ ಕುಂದಾಗಲಿಲ್ಲ. ಕನ್ನಡಿಗರ ಮೆಚ್ಚಿನ ಹಿಮದ ಕತೆಯನ್ನೇ ನೋಡಿ. ಸ್ಲಾವೊಮಿರ್ ರಾವಿಚ್‌ನ 1956ರ 'ದಿ ಲಾಂಗ್ ವಾಕ್' ಪುಸ್ತಕ ತೇಜಸ್ವಿಯವರ ಕೈಯಲ್ಲಿ 'ಮಹಾಪಲಾಯನ'ವಾಯಿತು. ಸೈಬೀರಿಯಾದ ಸೆರೆಶಿಬಿರದಿಂದ ತಪ್ಪಿಸಿಕೊಂಡು, ಗೋಬಿ ಮರುಭೂಮಿ, ಟಿಬೆಟ್, ಹಿಮಾಲಯ ದಾಟಿ ಭಾರತಕ್ಕೆ ನಡೆದು ಬಂದವರ ಕತೆ. ರಾವಿಚ್ 1942ರಲ್ಲಿ ಕ್ಷಮಾದಾನದಿಂದ ಬಿಡುಗಡೆಯಾಗಿದ್ದನೆಂದು ತೋರಿಸುವ ದಾಖಲೆಗಳನ್ನು ಬಿಬಿಸಿ 2006ರಲ್ಲಿ ಹೊರತಂದಿತು. 'ಮಹಾಪಲಾಯನ'ವನ್ನು ಯಾರಾದರೂ ಕಪಾಟಿನಿಂದ ತೆಗೆದರೇ? ಇಲ್ಲ, ತೆಗೆಯಲೂ ಬೇಕಿಲ್ಲ. ರಾವಿಚ್‌ಗೆ, ಲಂಡನ್‌ಗೆ ಸಿಕ್ಕ ರಿಯಾಯಿತಿ ಎಮ್ಮೆದೊಡ್ಡಿಗೆ ಬಂದ ಮನುಷ್ಯನಿಗೂ ಸಿಗಲಿ, ಅಷ್ಟೇ. ಕಾರ್ಬೆಟ್‌ನ ಹೋಲಿಕೆಯ ಬಗ್ಗೆ ಹೆಚ್ಚು ಹೇಳಬೇಕಾದ್ದಿಲ್ಲ. ಅವನು ಸಂತ, ಆಂಡರ್ಸನ್ ಪಕ್ಕದ ಮನೆಯವನು. ಸಂತರಿಗೆ ಭಕ್ತರ ಕೊರತೆಯಿಲ್ಲ.

ಕನ್ನಡದಲ್ಲೇ ದೊಡ್ಡ ಕಾಡಿನ ಬರಹ ಇಲ್ಲವೆಂಬ ಮೊದಲ ಆರೋಪವಂತೂ ನಿಲ್ಲುವುದೇ ಇಲ್ಲ. 1967ರ 'ಮಲೆಗಳಲ್ಲಿ ಮದುಮಗಳು' ಓದಿದವರಿಗೆ ಗುತ್ತಿಯ ನಾಯಿ ಹುಲಿಯನನ್ನು ನೆನಪಿಸಬೇಕೇ? ಬಕ್ ಮನುಷ್ಯರ ಹಂಗು ಹರಿದುಕೊಂಡು ತೋಳವಾಗುತ್ತಾನೆ, ಓದುಗ ಚಪ್ಪಾಳೆ ತಟ್ಟುತ್ತಾನೆ. ಹುಲಿಯ ಗುತ್ತಿಯನ್ನು ಬಿಡದೆ ಹಿಂಬಾಲಿಸಿ ಕೊನೆಗೆ ತುಂಬಿದ ತುಂಗೆಯ ಪಾಲಾಗುತ್ತಾನೆ. ಊರಿನವರ ಲೆಕ್ಕಕ್ಕೇ ಬಾರದ ಮನುಷ್ಯನೊಬ್ಬನಿಗೆ ಹುಲಿಯನೇ ಬಳಗ. ಎರಡರಲ್ಲಿ ಯಾವುದು ದೊಡ್ಡ ಸಾಹಸ ಎಂದು ಕೇಳಿದರೆ ಈ ಲೇಖನದ ಮತ ತುಂಗೆಗೆ. 1980ರ 'ಕರ್ವಾಲೊ' ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಬೇಟೆಯ ಇಡೀ ಸಲಕರಣೆ ಅದರಲ್ಲಿದೆ: ದಂಡು, ನಾಯಿ, ಹಾದಿ ಬಲ್ಲ ಮಂದಣ್ಣ, ದಟ್ಟ ಕಾಡು. ಕೊನೆಗೆ ಹಾರುವ ಓತಿ ಕೈಗೆ ಸಿಗದೆ ಕಣಿವೆಯಾಚೆ ತೇಲಿಹೋಗುತ್ತದೆ.

ಆದರೂ ಕನ್ನಡದ ರುಚಿಯೊಂದಿಗೆ ಜಗಳ ಇಲ್ಲಿಂದಲೇ ಶುರು. ಕುವೆಂಪು ಅವರ ತೀರ್ಥಹಳ್ಳಿ, ಕಾರಂತರ 'ಬೆಟ್ಟದ ಜೀವ', ತೇಜಸ್ವಿಯವರ ಮೂಡಿಗೆರೆ, ಶಿಕಾರಿ ಬರಹದಲ್ಲಿ 'ಬೇಟೆಯ ನೆನಪುಗಳು' ಬರೆದ ಕೆದಂಬಾಡಿ ಜತ್ತಪ್ಪ ರೈಯವರ ದಕ್ಷಿಣ ಕನ್ನಡ, ಎಲ್ಲವೂ ಮಳೆಯ ಸೀಮೆ. ಕಾಡು ಎಂದರೆ ಜಿಗಣೆ, ಮಂಜು, ಮೂರು ತಿಂಗಳು ಬಿಡದ ಜಡಿಮಳೆ ಎಂದು ಕನ್ನಡದ ಓದುಗ ಕಲಿತುಬಿಟ್ಟಿದ್ದಾನೆ. ಕುರುಚಲು ಗುಡ್ಡ, ಜಾಲಿ, ಬಂದ್ರೆ, ಹುಲ್ಲುಗಾವಲು, ಬೇಸಿಗೆಯಲ್ಲಿ ಒಣಗುವ ಕೆರೆ, ಇವು ಅವನ ಕಣ್ಣಿಗೆ ಕಾಡೇ ಅಲ್ಲ. ಹಿಮ ಇಲ್ಲವೆಂದು ಕೊರಗುವವರೂ ಮಳೆ ಇಲ್ಲವೆಂದು ಮೂಗು ಮುರಿಯುವವರೂ ಸೇರಿ ಬಯಲುಸೀಮೆಯ ಅಂಚನ್ನು ನಕ್ಷೆಯಿಂದ ಅಳಿಸಿದ್ದಾರೆ. ಅಲ್ಲಿ ಕೂತು ಬರೆದವನೆಂದರೆ ಮೊದಲು ನೆನಪಾಗುವವನು ಆಂಡರ್ಸನ್, ಅವನೂ ಇಂಗ್ಲಿಷಿನಲ್ಲಿ.

ಆ ಅಂಚು ಎಷ್ಟು ಸಮೃದ್ಧ ಎಂಬುದಕ್ಕೆ ಕಡೂರು, ತರೀಕೆರೆ, ಅಜ್ಜಂಪುರ ಈ ಮೂರು ತಾಲ್ಲೂಕು ಸಾಕು. ಪಶ್ಚಿಮಕ್ಕೆ ಹೊಗರೇಖಾನ್, ಕೆಮ್ಮಣ್ಣುಗುಂಡಿಯ ಗಿರಿಗಳು. ಅಲ್ಲಿಂದ ಕಬ್ಬಿಣದ ಅದಿರು ಭದ್ರಾವತಿಯ ಕಾರ್ಖಾನೆಗೆ ಇಳಿಯುತ್ತಿತ್ತು. ತರೀಕೆರೆಯಿಂದ ನರಸಿಂಹರಾಜಪುರಕ್ಕೆ ಕಾಡಿನ ನಡುವೆ ಕಿರುಹಳಿಯ ರೈಲು ಓಡುತ್ತಿತ್ತು. ಜನಪದ ಹಾಡಿನ ಕೆರೆ ಇದೇ ಎಂದು ಕಡೂರಿನವರು ಹೇಳಿಕೊಳ್ಳುವ ಮದಗದ ಕೆರೆ, ಸಖರಾಯಪಟ್ಟಣದ ಅಯ್ಯನಕೆರೆ, ಮೈಸೂರು ಅರಸರ ಬೆಣ್ಣೆ ಚಾವಡಿಯಿಂದ ಟಿಪ್ಪುವಿನ ಅಮೃತಮಹಲ್ ಆದ ದನಗಳ ಕಾವಲುಗಳು, ಅಜ್ಜಂಪುರದಲ್ಲಿ ಅದೇ ತಳಿಯ ಸಾಕಣೆ ಕೇಂದ್ರ. ಹುಲಿ, ಹೋರಿ, ಅದಿರು, ರೈಲು, ಅಡಿಕೆ ತೋಟ, ರಾಗಿ ಹೊಲ ಎಲ್ಲವೂ ಒಂದೇ ದಿನದ ನಡಿಗೆಯೊಳಗೆ. ಇದನ್ನು ಬರೆಯುವ ಕಾದಂಬರಿಕಾರನಿಗೆ ಯೀಹ್ಯಾಟರನ್ನು ಕಟ್ಟುವ ಕಷ್ಟವಿಲ್ಲ.

ಕನ್ನಡ ಸಾಹಿತ್ಯಕ್ಕೆ ಈ ಊರುಗಳು ಗೊತ್ತಿಲ್ಲವೆಂದಲ್ಲ. ಅಜ್ಜಂಪುರ ಎಂದರೆ 'ಆನಂದ' ಎಂಬ ಹೆಸರಿನಲ್ಲಿ ಬರೆದ ಅಜ್ಜಂಪುರ ಸೀತಾರಾಮ್, 'ನಾನು ಕೊಂದ ಹುಡುಗಿ'. ತರೀಕೆರೆ ಎಂದರೆ ತಂದೆಯ ಕಡೆಯಿಂದ ಆ ಊರಿನವರಾದ, 1917ರಲ್ಲಿ ತೀರ್ಥಹಳ್ಳಿಯಲ್ಲಿ ಹುಟ್ಟಿದ ಎಂ. ಕೆ. ಇಂದಿರಾ, 'ಫಣಿಯಮ್ಮ'. ಇಬ್ಬರನ್ನೂ ತಲೆಯ ಮೇಲಿಟ್ಟುಕೊಳ್ಳೋಣ. ಆದರೆ ಇಬ್ಬರನ್ನೂ ನಾವು ಮೆಚ್ಚಿಕೊಂಡದ್ದು ಮನೆಯೊಳಗಿನ ಕತ್ತಲೆಯನ್ನು ಬರೆದದ್ದಕ್ಕೆ. ನಡುಮನೆ, ಅಡುಗೆಮನೆ, ಆಮೇಲೆ ನವ್ಯರ ಕಾಲದಲ್ಲಿ ತಲೆಯೊಳಗಿನ ಕೋಣೆ, ವಿಮರ್ಶೆ ಗಂಭೀರವೆಂದು ಒಪ್ಪಿದ್ದು ಇವನ್ನು. 1973ರಲ್ಲಿ 'ಅಬಚೂರಿನ ಪೋಸ್ಟಾಫೀಸು' ಸಂಕಲನದ ಮುನ್ನುಡಿಯಲ್ಲಿ ತೇಜಸ್ವಿ ನವ್ಯದ ಬಾಗಿಲು ದೂಡಿ ಹೊರಬಂದರು. ಹಾಗೆ ಬಂದವರು ಮುಂದೆ ಆಂಡರ್ಸನ್‌ನನ್ನು 'ಕಾಡಿನ ಕತೆಗಳು' ಎಂದು ಕನ್ನಡಕ್ಕೆ ತಂದದ್ದು ಕಾಲ ಕಳೆಯಲಿಕ್ಕಲ್ಲ. ವಿಮರ್ಶಕರು ಅದನ್ನು ಅವರ ಬಿಡುವಿನ ಕೆಲಸವೆಂದು ಪಟ್ಟಿಯ ಕೊನೆಗೆ ಸೇರಿಸಿದರು. ಓದುಗರು ಹಾಗೆ ಮಾಡಲಿಲ್ಲ.

ಖಾಲಿ ಕಾಡಿನ ಮೋಹ ಪುಸ್ತಕದಲ್ಲೇ ಉಳಿದಿದ್ದರೆ ಇಷ್ಟು ಜಗಳ ಬೇಕಿರಲಿಲ್ಲ. 2001-02ರ ಸುಮಾರಿಗೆ ಭದ್ರಾ ಅಭಯಾರಣ್ಯದೊಳಗಿನ ಹಳ್ಳಿಗಳ 400ಕ್ಕೂ ಹೆಚ್ಚು ಕುಟುಂಬಗಳು ಹೊರಬಂದವು. ಹೆಚ್ಚಿನವರು ತರೀಕೆರೆ ತಾಲ್ಲೂಕಿನ ಎಂ. ಸಿ. ಹಳ್ಳಿಗೆ ಬಂದು ನೆಲೆಯಾದರು. ದೇಶದಲ್ಲೇ ಚೆನ್ನಾಗಿ ನಡೆದ ಸ್ಥಳಾಂತರವೆಂದು ಅದಕ್ಕೆ ಹೆಸರು ಬಂತು. ಹುಲಿಗೂ ಅನುಕೂಲವಾಗಿರಬಹುದು. ಆದರೆ ಗಾಡಿಗೆ ಸಾಮಾನು ಹೇರಿ, ದನ ಹೊಡೆದುಕೊಂಡು, ದೈವವನ್ನೂ ಕಟ್ಟಿಕೊಂಡು ಕಾಡಿನಿಂದ ಬಯಲಿಗೆ ಇಳಿಯುವುದು ಕ್ಲೋಂಡೈಕಿನ ಕಣಿವೆ ಹತ್ತುವುದಕ್ಕಿಂತ ಸಣ್ಣ ಪ್ರಯಾಣವೇನಲ್ಲ. ಅದರ ಕಾದಂಬರಿಗೆ ಬೇಕಾದ ಕಣ್ಣು ಲಂಡನ್‌ನದಲ್ಲ. ದಾರಿ, ಕೆರೆ, ದನ, ಹೆಸರು ಎಲ್ಲವನ್ನೂ ಮೊದಲು ಬರೆದುಕೊಳ್ಳುವ ಆಂಡರ್ಸನ್‌ನದು.

ಬಯಲಿನ ಕಡೆ ಇನ್ನೂ ವಿಚಿತ್ರ. ಕಡೂರು ತಾಲ್ಲೂಕಿನ ಬಾಸೂರು ಅಮೃತಮಹಲ್ ಕಾವಲನ್ನು 2011ರಲ್ಲಿ ಸಂರಕ್ಷಣಾ ಮೀಸಲು ಪ್ರದೇಶವೆಂದು ಘೋಷಿಸಿದರು. ಅಲ್ಲಿ ಕೃಷ್ಣಮೃಗವಿದೆ, ತೋಳವಿದೆ. ಹೌದು, ಗೋಷ್ಠಿಗಳಲ್ಲಿ ಹಂಬಲಿಸಿದ ಅದೇ ತೋಳ, ಸ್ವಲ್ಪ ತೆಳು ಮೈಯದು, ಕುರಿಮಂದೆಯ ಸುತ್ತ ಸುಳಿಯುವಂಥದು. ಹೀಗಿದ್ದೂ ಕಾವಲು ಎಂದರೆ ಬಂಜರು ಎಂಬ ಮಾತು ಕಚೇರಿಗಳಲ್ಲೂ ಇದೆ, ಕಾವ್ಯದಲ್ಲೂ ಇದೆ. ಪಕ್ಕದ ಚಿತ್ರದುರ್ಗ ಜಿಲ್ಲೆಯಲ್ಲಿ, ಚಳ್ಳಕೆರೆಯ ಸಾವಿರಾರು ಎಕರೆ ಕಾವಲು ದೊಡ್ಡ ಸಂಸ್ಥೆಗಳ ಪಾಲಾದಾಗ ಕುರಿಗಾಹಿಗಳು ಬೀದಿಗಿಳಿದರು. ಪಶ್ಚಿಮಘಟ್ಟದ ಮರಕ್ಕೆ ಕವಿತೆ ಬರೆದವರಲ್ಲಿ ಹುಲ್ಲಿಗಾಗಿ ದನಿ ಎತ್ತಿದವರು ಕಡಿಮೆ.

ಕಡೂರು, ತರೀಕೆರೆಯ ಕಾಲೇಜುಗಳ ಕನ್ನಡ ವಿಭಾಗಗಳು ಒಂದೇ ಸೆಮಿಸ್ಟರಿನಲ್ಲಿ 'ಫಣಿಯಮ್ಮ', 'ಕರ್ವಾಲೊ', ಜೊತೆಗೆ ಎಮ್ಮೆದೊಡ್ಡಿಯ ನರಭಕ್ಷಕನನ್ನು ಪಾಠಕ್ಕಿಟ್ಟು ನೋಡಲಿ. ಅಡುಗೆಮನೆಯ ಪಕ್ಕ ಮಚಾನು ಯಾಕೆ ಎಂದು ಮೇಷ್ಟ್ರುಗಳು ಮೊದಲು ಗದ್ದಲ ಮಾಡುತ್ತಾರೆ. ಹಿಂದಿನ ಬೆಂಚಿನಲ್ಲಿ ಕೂತ ಎಮ್ಮೆದೊಡ್ಡಿ ಕಡೆಯ ಹುಡುಗ, ಎಂ. ಸಿ. ಹಳ್ಳಿಯ ಹುಡುಗಿ ತಮ್ಮ ಅಜ್ಜನಿಂದ ಕೇಳಿದ್ದನ್ನು ಹಿಡಿದು ಆಂಡರ್ಸನ್‌ನ ತಪ್ಪುಗಳನ್ನು ಪುಟಪುಟಕ್ಕೂ ಎತ್ತಿ ತೋರಿಸಿಯಾರು. ಈ ಲೇಖನದ ಪಕ್ಷಪಾತವನ್ನೂ ಬಿಡದಿರಲಿ. ಆ ಜಗಳದಲ್ಲಿ ಜಾಕ್ ಲಂಡನ್‌ನ ಹೆಸರು ಬರುವ ಹೊತ್ತಿಗೆ ಗಂಟೆ ಹೊಡೆದಿರುತ್ತದೆ.